ಹೆಸರು ಒರೆಗೆ ಹಚ್ಚಿದ ಕಲ್ಲವ್ವ

ಗಡಿಯಾರ ಇನ್ನೂ ಹುಟ್ಟಿರದ, ಆದ್ದರಿಂದ ಯಾರೂ ಯಾವುದಕ್ಕೂ ತಡವಾಗಿ ಬರದ ಕಾಲದಲ್ಲಿ ಏಳುಬೀಡು ಎಂಬ ರಾಜ್ಯವಿತ್ತು. ಅಲ್ಲಿ ಆನೆಗಳು ಮಾತಾಡುತ್ತಿದ್ದವು, ಆಲದ ಮರಗಳು ಬೇಸಿಗೆಯಲ್ಲಿ ಎದ್ದು ಕೆರೆಯ ದಂಡೆಗೆ ನಡೆದು ಹೋಗುತ್ತಿದ್ದವು, ಮಂತ್ರಿಗಳು ದಿನಾ ಕಚೇರಿಗೆ ಬರುತ್ತಿದ್ದರು. ಅಂಥ ಮಾಯೆಯ ನಾಡು ಅದು.

ಆ ನಾಡಿನಲ್ಲಿ ಒಂದು ಕಟ್ಟಳೆ ಇತ್ತು. ಮಗು ಹುಟ್ಟಿದ ಹನ್ನೆರಡನೆಯ ದಿನ ತೊಟ್ಟಿಲು ಕಟ್ಟಬೇಕು. ತಂದೆಯ ಅಕ್ಕನೋ ತಂಗಿಯೋ, ಅಂದರೆ ಸೋದರತ್ತೆ, ಮಗುವಿನ ಕಿವಿಯಲ್ಲಿ ಮೂರು ಸಲ ಹೆಸರು ಹೇಳಬೇಕು. ಹಾಗೆ ಹೇಳಿದರೆ ಮಾತ್ರ ಹೆಸರು ಮಗುವಿಗೆ ಅಂಟುತ್ತಿತ್ತು. ಬೇರೆಯವರು ಹೇಳಿದರೆ ಅಂಟುತ್ತಿರಲಿಲ್ಲ. ರಾಜನೇ ಬಂದು ಹೇಳಿದರೂ ಮಗು ಆಕಳಿಸುತ್ತಿತ್ತು, ಅಷ್ಟೆ.

ಹೆಸರನ್ನು ತೊಟ್ಟಿಲಿಗೆ ತರುವ ಮೊದಲು ಬಂಗಾರದ ಹಾಗೆ ಒರೆಗೆ ಹಚ್ಚಿ ನೋಡಬೇಕೆಂಬುದು ಇನ್ನೊಂದು ಕಟ್ಟಳೆ. ಅದು ಎಲ್ಲಿಂದ ಬಂತು, ಹೇಳುತ್ತಿರುವ ಅರ್ಥ ನಿಜವೋ ಅಲ್ಲವೋ ಎಂದು ಪರೀಕ್ಷಿಸಲು ಅರಮನೆಯಲ್ಲಿ ಒಬ್ಬ ಹೆಂಗಸು ಇರುತ್ತಿದ್ದಳು. ಆ ಕೆಲಸ ಅಜ್ಜಿಯಿಂದ ಮೊಮ್ಮಗಳಿಗೆ ಬರುತ್ತಿತ್ತು. ಕೆಲಸದ ಗುಟ್ಟು ಮೂರೇ ಪ್ರಶ್ನೆ. ಈ ಹೆಸರು ಹಿಡಿದು ಕರೆದವರು ಯಾರು? ಓಗೊಟ್ಟವರು ಯಾರು? ಅದನ್ನು ಕಿವಿಯಾರೆ ಕೇಳಿದವರು ಯಾರು?

ನಮ್ಮ ಕತೆಯ ಕಾಲಕ್ಕೆ ಆ ಕೆಲಸದಲ್ಲಿದ್ದವಳು ಕಲ್ಲವ್ವ. ವಯಸ್ಸು ನಲವತ್ತೆರಡು. ಅವಳಿಗಿಂತ ಮೊದಲು ಹುಟ್ಟಿದ ಎರಡು ಕೂಸುಗಳನ್ನು ಜವರಾಯ ಎತ್ತಿಕೊಂಡು ಹೋಗಿದ್ದ. ಮೂರನೆಯದು ಹುಟ್ಟಿದಾಗ ಅಜ್ಜಿ, "ಇದು ಬರೀ ಕಲ್ಲು, ಒಯ್ದು ಏನು ಮಾಡ್ತಾನೆ? ಎಡವಿ ಬೀಳಲಿ ಅವನು" ಎಂದು ಕಲ್ಲವ್ವ ಎಂದೇ ಹೆಸರಿಟ್ಟಿದ್ದಳು. ಜವರಾಯ ಎಡವಿದನೋ ಇಲ್ಲವೋ, ಕೂಸಂತೂ ಉಳಿಯಿತು. ಕಲ್ಲವ್ವ ದಿನಾ ಬೆಳಗ್ಗೆ ಎದ್ದ ಕೂಡಲೇ ಅಜ್ಜಿಗೊಂದು ಕೈ ಮುಗಿಯುತ್ತಿದ್ದಳು. ಕೈ ಮುಗಿದ ಮೇಲೆ ಮಾಡಲು ಅವಳಿಗೆ ಹೆಚ್ಚಿನ ಕೆಲಸವಿರಲಿಲ್ಲ. ಏಕೆಂದರೆ ಹದಿನೈದು ವರ್ಷದ ಹಿಂದೆ ಏಳುಬೀಡಿಗೆ ಸರ್ವಪ್ರಭ ಬಂದಿದ್ದ.

ಸರ್ವಪ್ರಭ ಮಾಂತ್ರಿಕ. ಊರ ಹೊರಗಿನ ಗುಡ್ಡದ ಮೇಲೆ ಅವನ ಕೋಟೆ. ಮೂಗಿನಿಂದ ಗಲ್ಲದವರೆಗೆ ಯಾವಾಗಲೂ ಜರಿಯ ವಸ್ತ್ರ ಸುತ್ತಿಕೊಂಡಿರುತ್ತಿದ್ದ. ಕೇಳಿದವರಿಗೆಲ್ಲ ಹೊಸ ಹೊಸ ಹೆಸರು ಕೊಡುತ್ತಿದ್ದ, ಬಿಟ್ಟಿಯಾಗಿ. ಬಿಟ್ಟಿ ಸಿಕ್ಕಿದ್ದನ್ನು ಒರೆಗೆ ಹಚ್ಚುವುದು ಏಳುಬೀಡಿನಲ್ಲಿ ಅಸಭ್ಯತೆ ಎನಿಸಿಕೊಳ್ಳುತ್ತಿತ್ತು. ಝ್ರಿಯಾಂಶ, ವ್ರೇಹಾನ, ಹ್ರೀಶಿಕಾ ಮುಂತಾಗಿ ಅವನ ಹೆಸರುಗಳನ್ನು ಹೇಳಲು ಮುದುಕರು ಹಲ್ಲು ಕಟ್ಟಿಸಿಕೊಳ್ಳಬೇಕಾಗಿತ್ತು. ಅರ್ಥ ಮಾತ್ರ ಸುಲಭ. ಯಾವ ಹೆಸರು ಕೇಳಿದರೂ ದೇವಭಾಷೆಯಲ್ಲಿ ಅದರ ಅರ್ಥ ಬೆಳಕು. ಗಂಡಾದರೆ ಸೂರ್ಯನ ಬೆಳಕು, ಹೆಣ್ಣಾದರೆ ಚಂದ್ರನ ಬೆಳಕು, ಅವಳಿಜವಳಿಯಾದರೆ ಮಿಂಚು. ಊರಿನಲ್ಲಿ ಇಷ್ಟು ಬೆಳಕು ಹುಟ್ಟಿದ ಮೇಲೂ ದೀಪದ ಎಣ್ಣೆ ಯಾಕೆ ಬೇಕಾಗುತ್ತಿದೆ ಎಂದು ಯಾರೂ ಕೇಳಲಿಲ್ಲ.

ಆದರೆ ಆ ಹೆಸರಿನ ಮಕ್ಕಳಲ್ಲಿ ಒಂದು ಊನವಿತ್ತು. ಕರೆದರೆ ತಿರುಗುತ್ತಿರಲಿಲ್ಲ. ತಾಯಿ ಅಂಗಳದಲ್ಲಿ ನಿಂತು ಗಂಟಲು ಹರಿಯುವ ಹಾಗೆ ಕೂಗಿದರೂ ಮಗು ತನ್ನ ಪಾಡಿಗೆ ಮಣ್ಣಿನಲ್ಲಿ ಆಡುತ್ತಿತ್ತು. ಏಳು ವರ್ಷ ತುಂಬಿದ ದಿನ ಕೋಟೆಯಲ್ಲಿ ಗಂಟೆ ಮೊಳಗುತ್ತಿತ್ತು. ಅದುವರೆಗೂ ಯಾರ ಕರೆಗೂ ತಿರುಗದ ಮಗು ಗಂಟೆಗೆ ತಿರುಗುತ್ತಿತ್ತು, ಎದ್ದು ಗುಡ್ಡ ಹತ್ತುತ್ತಿತ್ತು, ಕೋಟೆಯ ಗೂಡಿನಲ್ಲಿ ಹಣತೆಯಾಗಿ ಉರಿಯುತ್ತಿತ್ತು. ಅತ್ತ ತಾಯಂದಿರಿಗೆ ಮಂತ್ರಿ ಸಮಾಧಾನ ಹೇಳುತ್ತಿದ್ದ: "ಬೆಳಕು ಅಂತ ಹೆಸರಿಟ್ಟಿದ್ದೀರಿ. ಬೆಳಗದೆ ಇನ್ನೇನು ಮಾಡಬೇಕು?" ರಾಜನ ಮಗನೂ ಅಲ್ಲೇ ಉರಿಯುತ್ತಿದ್ದುದರಿಂದ ದೂರು ಕೊಡಲು ಬೇರೆ ಜಾಗವಿರಲಿಲ್ಲ. ಸಂಜೆ ಹೊತ್ತು ತಾಯಿತಂದೆಯರು ಅಂಗಳಕ್ಕೆ ಬಂದು, ಗುಡ್ಡದ ಕಡೆ ಬೊಟ್ಟು ಮಾಡಿ, "ಎಡಗಡೆಯಿಂದ ನಾಲ್ಕನೆಯದು ನಮ್ಮದು" ಎನ್ನುತ್ತಿದ್ದರು. ಅಂದಾಜಿನ ಮೇಲೆ.

ಬಲಗಡೆಯಿಂದ ಎರಡನೆಯದು ಕಲ್ಲವ್ವನ ಸೋದರಳಿಯ. ಅದೂ ಅಂದಾಜು.

ಕಲ್ಲವ್ವನ ತಮ್ಮ ಲಗಮಣ್ಣ ಅರಮನೆಯ ಮಾವುತ. ಎಂಟು ವರ್ಷದ ಹಿಂದೆ ಅವನಿಗೆ ಮೊದಲ ಮಗ ಹುಟ್ಟಿದಾಗ ಸರ್ವಪ್ರಭನಿಂದ ಝ್ರಿಯಾಂಶ ಎಂಬ ಹೆಸರು ತಂದಿದ್ದ. "ಅಕ್ಕಾ, ಅರಮನೆಯ ಮುದ್ರೆಯೇ ಇದೆ, ಇದನ್ನೂ ಒರೆಗೆ ಹಚ್ಚಿ ನನ್ನ ಮಾನ ಕಳೆಯಬೇಡ" ಎಂದು ಬೇಡಿಕೊಂಡಿದ್ದ. ಕಲ್ಲವ್ವ ಒಪ್ಪಿದಳು. ಜೀವನದಲ್ಲಿ ಒಂದೇ ಒಂದು ಸಲ, ಅದೂ ತನ್ನ ಮನೆಯ ಕೂಸಿಗೆ, ಪರೀಕ್ಷಿಸದ ಹೆಸರನ್ನು ಮೂರು ಸಲ ಹೇಳಿದಳು. ಕೂಸು ರೆಪ್ಪೆ ಮಿಟುಕಿಸಲಿಲ್ಲ. ನಿದ್ದೆಯಲ್ಲಿರಬೇಕು ಅಂದುಕೊಂಡಳು. ಕೂಸಿನ ಕಣ್ಣು ತೆರೆದೇ ಇದ್ದದ್ದು ಅವಳಿಗೆ ಇವತ್ತಿಗೂ ನೆನಪಿದೆ.

ಈಗ ಲಗಮಣ್ಣನಿಗೆ ಹೆಣ್ಣು ಕೂಸು ಹುಟ್ಟಿತು. ಮೂರನೆಯ ದಿನ, ಯಾರೂ ಕೇಳದಿದ್ದರೂ, ಅರಮನೆಯ ಮುದ್ರೆ ಹೊತ್ತು ಕೋಟೆಯಿಂದ ಓಲೆ ಬಂತು. ಹೆಸರು: ಝೀವ್ರಿಕಾ. ಅರ್ಥ: ಸಾವಿರ ಚಂದ್ರರ ಬೆಳಕು.

ಬಾಣಂತಿ ಸೇವಂತಿ ಓಲೆಯ ಕಡೆ ನೋಡಲೂ ಇಲ್ಲ. "ಅಕ್ಕಾ, ಒಂದನ್ನು ಗುಡ್ಡಕ್ಕೆ ಕೊಟ್ಟಿದ್ದೇನೆ. ಇದನ್ನು ಕೊಡಲಾರೆ" ಎಂದಳು.

"ಮುದ್ರೆ ಬಿದ್ದ ಹೆಸರು ಇಡದಿದ್ದರೆ ರಾಜಾಜ್ಞೆ ಮೀರಿದ ಹಾಗೆ. ನಮ್ಮನ್ನು ಗಡಿಪಾರು ಮಾಡ್ತಾರೆ, ಕೂಸನ್ನು ಅವರೇ ಇಟ್ಟುಕೊಳ್ತಾರೆ" ಎಂದ ಲಗಮಣ್ಣ, ನೆಲ ನೋಡುತ್ತ.

ಅಂಗಳದಲ್ಲಿ ನಿಂತಿದ್ದ ಆನೆ ಗುಡ್ಡಪ್ಪ ಕಿಟಕಿಯಿಂದ ಸೊಂಡಿಲು ಒಳಗೆ ಹಾಕಿತು. "ನಮ್ಮಲ್ಲಿ ಮರಿಗೆ ಹೆಸರಿಡೋದು ಅದು ಏನನ್ನಾದರೂ ಮುರಿದ ಮೇಲೆ. ಅವಸರ ಮಾಡೋದಿಲ್ಲ."

"ಒಂಬತ್ತು ದಿನ ಇದೆ" ಎಂದಳು ಕಲ್ಲವ್ವ. "ಒರೆಗೆ ಹಚ್ಚಿ ಬರ್ತೇನೆ. ಸರಿಯಾಗಿದ್ದರೆ ಹೇಳ್ತೇನೆ. ಇಲ್ಲದಿದ್ದರೆ ಇಲ್ಲ ಅಂತ ಎಲ್ಲರೆದುರು ಹೇಳ್ತೇನೆ. ಎಂಟು ವರ್ಷದ ಹಿಂದೆಯೇ ಹೇಳಬೇಕಾಗಿತ್ತು."

ಓಲೆಯ ಕೆಳಗೆ ಇರುವೆ ಕಾಲಿನಷ್ಟು ಸಣ್ಣ ಅಕ್ಷರದಲ್ಲಿ ಬರೆದಿತ್ತು: ಆಧಾರ, ಕವಲುಹಳ್ಳದ ಗಿಳಿ. ಹದಿನೈದು ವರ್ಷದಲ್ಲಿ ಆ ಸಾಲನ್ನು ಓದಿದವರಲ್ಲಿ ಕಲ್ಲವ್ವ ಮೊದಲನೆಯವಳು. ಬುತ್ತಿ ಕಟ್ಟಿಕೊಂಡು ಹೊರಟಳು.

ಎರಡು ದಿನ ನಡೆದ ಮೇಲೆ ಕವಲುಹಳ್ಳ ಸಿಕ್ಕಿತು. ಅಲ್ಲೊಂದು ಮರ, ಮರದ ಮೇಲೆ ಎತ್ತಿನಷ್ಟು ದೊಡ್ಡ ಗಿಳಿ. ಅದು ಉಸಿರು ತೆಗೆದುಕೊಳ್ಳದೆ ಹೆಸರೂ ಅರ್ಥವೂ ಹೇಳುತ್ತಿತ್ತು. ಮರದ ಕೆಳಗೆ ಇಪ್ಪತ್ತು ಮೂವತ್ತು ಜನ ಕುಳಿತು ಅದನ್ನೇ ತಿರುಗಿ ಹೇಳುತ್ತಿದ್ದರು. ಅವರ ಕೈ ಬೆರಳುಗಳಲ್ಲಿ ಆಗಲೇ ಹಸಿರು ಪುಕ್ಕ ಮೂಡಿತ್ತು. ಕೇಳುತ್ತ ಕೇಳುತ್ತ ನಂಬಿದವರು ಗಿಳಿಗಳಾಗುತ್ತಿದ್ದರು. ಅಲ್ಲಿನ ಪದ್ಧತಿ ಅದು.

"ಝೀವ್ರಿಕಾ, ಸಾವಿರ ಚಂದ್ರರ ಬೆಳಕು. ಝೀವ್ರಿಕಾ, ಸಾವಿರ ಚಂದ್ರರ ಬೆಳಕು" ಎಂದಿತು ಗಿಳಿ. ನೂರು ಸಲ ಕೇಳಿದ ಮೇಲೆ ಕಲ್ಲವ್ವನಿಗೂ ಇರಬಹುದೇನೋ ಅನಿಸಿತು. ಕಿರುಬೆರಳು ತುರಿಸಿತು. ನೋಡಿದರೆ ಹಸಿರು ಚುಕ್ಕೆ.

ಅವಳು ಬೆರಳನ್ನು ಸೆರಗಿನಲ್ಲಿ ಬಿಗಿದುಕೊಂಡು ಕೇಳಿದಳು: "ಗಿಳಿಯಪ್ಪಾ, ಈ ಹೆಸರು ಹಿಡಿದು ಕರೆದವರು ಯಾರು?"

"ಎಲ್ಲರೂ" ಎಂದಿತು ಗಿಳಿ.

"ಎಲ್ಲರಲ್ಲಿ ಒಬ್ಬರ ಹೆಸರು ಹೇಳು."

"ಎಲ್ಲರೂ ಹೇಳ್ತಾರೆ."

"ಓಗೊಟ್ಟವರು ಯಾರು? ಒಬ್ಬರು ಸಾಕು. ಕಿವಿಯಾರೆ ಕೇಳಿದವರು ಯಾರು? ನೀನೇ ಕೇಳಿದೆಯಾ?"

ಗಿಳಿ ಕೊಕ್ಕು ತೆರೆಯಿತು, ಮುಚ್ಚಿತು, ಮತ್ತೆ ತೆರೆಯಿತು. ಹದಿನೈದು ವರ್ಷಗಳಲ್ಲಿ ಮೊದಲ ಸಲ ಕವಲುಹಳ್ಳದಲ್ಲಿ ನೀರು ಹರಿಯುವ ಸದ್ದು ಕೇಳಿಸಿತು. ಕೆಳಗೆ ಕುಳಿತವರು ಒಬ್ಬರ ಮುಖ ಒಬ್ಬರು ನೋಡಿಕೊಂಡು, ಪುಕ್ಕ ಕೊಡವಿ ಎದ್ದು, ಮನೆಯಲ್ಲಿ ಕೆಲಸವಿದೆ ಎಂದು ಹೊರಟರು.

"ಕತ್ತಲಗವಿಯ ಕರಡಿ ನನಗೆ ಹೇಳಿತ್ತು" ಎಂದಿತು ಗಿಳಿ, ಬಹಳ ಮೆಲ್ಲಗೆ. "ಅವ್ವಾ, ನನ್ನ ಗಂಟಲು ಎಷ್ಟು ನೋಯುತ್ತಿತ್ತು ಅಂತ ಈಗ ಗೊತ್ತಾಯಿತು. ಸುಮ್ಮನಿರಬಹುದು ಅಂತ ಯಾರೂ ನನಗೆ ಹೇಳಿಕೊಟ್ಟಿರಲಿಲ್ಲ." ಅದು ತನ್ನ ಒಂದು ಗರಿ ಕಿತ್ತು ಕೊಟ್ಟಿತು. "ಎಲ್ಲರೂ ಹೇಳ್ತಾರೆ ಅಂತ ಯಾರಾದರೂ ಗದ್ದಲ ಮಾಡಿದರೆ ಇದನ್ನು ಎತ್ತಿ ಹಿಡಿ."

ಇನ್ನೆರಡು ದಿನ ನಡೆದರೆ ಕತ್ತಲಗವಿ. ಒಳಗೆ ತಾಳೆಗರಿಯ ಕಟ್ಟುಗಳ ಬೆಟ್ಟ, ಅದರ ಮೇಲೊಂದು ಕರಡಿ. ಕಣ್ಣು ಕೆಂಡದ ಹಾಗೆ ಕೆಂಪು. ಸಿಟ್ಟಿನಿಂದಲ್ಲ, ನಿದ್ದೆಗೆಟ್ಟು. ಯಾರೇ ಬಂದು ಆಧಾರ ಕೇಳಿದರೂ ಅದು ಕಟ್ಟುಗಳನ್ನು ಒಂದೊಂದಾಗಿ ಅವರ ಮೇಲೆ ಒಗೆಯುತ್ತಿತ್ತು. ಕೇಳಿದವರು ಕತ್ತಿನವರೆಗೆ ಹೂತುಹೋದ ಮೇಲೆ "ಸಾಕು, ನಂಬಿದೆ" ಎನ್ನುತ್ತಿದ್ದರು. ಆಗ ಬಿಡುತ್ತಿತ್ತು.

"ಒಂಬೈನೂರು ಗ್ರಂಥಗಳಲ್ಲಿ ಇದೆ" ಎಂದು ಕರಡಿ ಒಗೆಯಲು ಶುರು ಮಾಡಿತು. ಮೊಣಕಾಲು ಮುಳುಗಿತು. ಸೊಂಟ ಮುಳುಗಿತು. ಕಲ್ಲವ್ವ ಬಗ್ಗಿ ಒಂದು ಕಟ್ಟು ಬಿಚ್ಚಿ ನೋಡಿದಳು. ಇನ್ನೊಂದು ಬಿಚ್ಚಿದಳು. ಎದೆಯವರೆಗೆ ಓಲೆ ಬಂದರೂ ಅವಳು ಬಿಚ್ಚುತ್ತಲೇ ಇದ್ದಳು.

"ಕರಡಿಯಪ್ಪಾ, ಸ್ವಲ್ಪ ತಡಿ. ಇಲ್ಲಿ ಓಲೆಯ ಮೂಲೆಯಲ್ಲಿ ಒಂದು ಇರುವೆ ಬರೆದಿದೆಯಲ್ಲ, ಏನದು?"

"ಶುಭಚಿಹ್ನೆ. ಒಂಬೈನೂರರಲ್ಲೂ ಇದೆ."

"ಒಂಬೈನೂರರಲ್ಲೂ ಬಲಮೂಲೆಯಲ್ಲೇ? ಒಂಬೈನೂರರಲ್ಲೂ ಎಡಗಾಲು ಒಂದು ಮುರಿದೇ?"

ಕರಡಿ ಕೈ ನಿಲ್ಲಿಸಿತು. ಇಬ್ಬರೂ ಕೂತು ಹುಡುಕಿದರು. ಬೆಟ್ಟದ ತಳದಲ್ಲಿ ಒಂದು ಓಲೆ ಸಿಕ್ಕಿತು. ಅದರ ಬಲಮೂಲೆಯಲ್ಲಿ ನಿಜವಾದ ಇರುವೆಯೊಂದು ಮಸಿಗೆ ಅಂಟಿ ಸತ್ತಿತ್ತು, ಎಡಗಾಲು ಒಂದು ಮುರಿದು. ಮಿಕ್ಕ ಎಂಟುನೂರ ತೊಂಬತ್ತೊಂಬತ್ತು ಜನ ಅದನ್ನು ನೋಡಿ ನಕಲು ಮಾಡುವಾಗ ಇರುವೆಯನ್ನೂ ಭಕ್ತಿಯಿಂದ ಚಿತ್ರಿಸಿದ್ದರು. ಒಬ್ಬರಿಗೂ ಊದಿ ನೋಡೋಣ ಅನಿಸಿರಲಿಲ್ಲ.

"ಹಾಗಾದರೆ ಇರುವುದು ಒಂದೇ" ಎಂದಿತು ಕರಡಿ.

"ಒಂದೇ. ಆ ಒಂದೂ ಇನ್ನೊಬ್ಬರ ಕಡೆ ಕೈ ತೋರಿಸುತ್ತದೆ, ನೋಡು. ಆಧಾರ, ಹಳೆಯೂರಿನ ಕಲ್ಲುಹುಲಿ."

ಕರಡಿ ಓಲೆಯನ್ನು ಹಿಂದೆ ಮುಂದೆ ತಿರುಗಿಸಿ ನೋಡಿತು. ಆಮೇಲೆ ಹೇಳಿತು: "ತಾಯೀ, ಒಂಬೈನೂರು ಗ್ರಂಥ ಕಾಯಬೇಕು ಅಂತ ನಾನು ಹದಿನೈದು ಚಳಿಗಾಲ ಮಲಗಿಲ್ಲ. ಒಂದೇ ಅಂತ ಮೊದಲೇ ಗೊತ್ತಿದ್ದರೆ ತಲೆದಿಂಬಿನ ಕೆಳಗೆ ಇಟ್ಟುಕೊಂಡು ಮಲಗುತ್ತಿದ್ದೆ. ನಿನಗೆ ಪುಣ್ಯ ಬರಲಿ." ಇರುವೆ ಸತ್ತ ಓಲೆಯನ್ನು ಅವಳ ಕೈಗೆ ಕೊಟ್ಟು, ಮಿಕ್ಕ ಎಂಟುನೂರ ತೊಂಬತ್ತೊಂಬತ್ತನ್ನು ಹಾಸಿಕೊಂಡು, ಅವಳು ಗವಿಯ ಬಾಯಿ ದಾಟುವುದರೊಳಗೆ ಗೊರಕೆ ಹೊಡೆಯತೊಡಗಿತು.

ಮತ್ತೆರಡು ದಿನ ನಡೆದ ಮೇಲೆ ಹಳೆಯೂರು. ಊರೇನೂ ಉಳಿದಿರಲಿಲ್ಲ. ನಾಲ್ಕು ಮೋಟುಗೋಡೆ, ಒಂದು ತಿಪ್ಪೆಗುಂಡಿ, ಅದರ ಎದುರು ಕಲ್ಲಿನ ಹುಲಿ. ಕಲ್ಲವ್ವ ಬುತ್ತಿಗಂಟು ಇಳಿಸುವ ಮೊದಲೇ ಹುಲಿ ಕಣ್ಣು ತೆರೆಯಿತು.

"ಇಲ್ಲಿ ಪ್ರಶ್ನೆ ಕೇಳುವವನು ನಾನು. ಗೊತ್ತಿಲ್ಲದ್ದನ್ನು ಗೊತ್ತು ಎಂದವರನ್ನು ನುಂಗುತ್ತೇನೆ. ಪಂಡಿತರು ಬರುವುದನ್ನು ನಿಲ್ಲಿಸಿ ಬಹಳ ವರ್ಷವಾಯಿತು, ಹಸಿವಾಗಿದೆ. ನಿನ್ನ ಹೆಸರೇನು, ಅರ್ಥವೇನು, ಇಟ್ಟವರು ಯಾರು?"

"ಕಲ್ಲವ್ವ. ಕಲ್ಲು ಅಂತಲೇ ಅರ್ಥ. ಇಟ್ಟವಳು ನಮ್ಮಜ್ಜಿ, ನಾನು ಸಾಯಬಾರದು ಅಂತ."

"ಝೀವ್ರಿಕಾ ಎಂದರೇನು?"

"ಗೊತ್ತಿಲ್ಲ."

ಹುಲಿ ಒಂದು ಹೆಜ್ಜೆ ಹತ್ತಿರ ಬಂತು. "ಝ್ರಿಯಾಂಶ ಎಂದರೇನು?"

"ಅದೂ ಗೊತ್ತಿಲ್ಲ. ಗೊತ್ತಿಲ್ಲದೇ ನನ್ನ ತಮ್ಮನ ಮಗನ ಕಿವಿಯಲ್ಲಿ ಮೂರು ಸಲ ಹೇಳಿದೆ. ಗೊತ್ತಿಲ್ಲ ಅನ್ನಲು ಆವತ್ತು ನಾಚಿಕೆ ಆಗಿತ್ತು. ನುಂಗುವುದಿದ್ದರೆ ಅದಕ್ಕೆ ನುಂಗು. ಆದರೆ ಹನ್ನೆರಡನೆಯ ದಿನ ಮುಗಿಯಲಿ, ನಾನೇ ಬರ್ತೇನೆ."

ಹುಲಿ ಬಾಲ ಮಡಚಿ ಕುಳಿತಿತು. "ಗೊತ್ತಿಲ್ಲ ಎಂದವರನ್ನು ನುಂಗುವ ಅಧಿಕಾರ ನನಗಿಲ್ಲ. ಕೇಳು, ನಿನ್ನ ಝೀವ್ರಿಕಾ ಈ ಊರಿನಲ್ಲಿ ಯಾರೂ ಕರೆದ ಹೆಸರಲ್ಲ. ಇಲ್ಲಿ ನಾನು ಕಿವಿಯಾರೆ ಕೇಳಿದ ಹೆಸರು ಎರಡೇ. ದ್ಯಾಮವ್ವ ಅಂತ ಒಬ್ಬ ಹೆಂಗಸಿದ್ದಳು, ನೆರೆಹೊರೆಯವರು ಕರೆದರೆ ಓಗೊಡುತ್ತಿದ್ದಳು. ಮೂರು ಮಕ್ಕಳನ್ನು ಮಣ್ಣಿಗೆ ಕೊಟ್ಟವಳು. ನಾಲ್ಕನೆಯದನ್ನು ಮೊರದಲ್ಲಿ ಮಲಗಿಸಿ, ಇದೇ ತಿಪ್ಪೆಯ ಮೇಲಿಟ್ಟು, ಜವರಾಯನಿಗೆ ಕೇಳುವ ಹಾಗೆ ಕೂಗಿ ಹೇಳಿದಳು, ಇದು ಕಸ, ಯಾರಿಗೂ ಬೇಡ ಅಂತ. ಮೂಗು ಚುಚ್ಚಿಸಿದಳು. ತಿಪ್ಪ ಅಂತ ಹೆಸರಿಟ್ಟಳು. ಹುಡುಗ ಉಳಿದ."

"ಆಮೇಲೆ?"

"ಪಕ್ಕದೂರಿಗೆ ಓದಲು ಹೋದ. ಅಲ್ಲಿ ಹೆಸರು ಕೇಳಿ ನಕ್ಕರು. ತಿರುಗಿ ಬಂದವನು ತಾಯಿಯ ಎದುರು, ನನ್ನನ್ನು ಕಸ ಅಂದವಳು ನೀನು ಅಂದ. ಅವಳು ಯಾಕೆ ಹಾಗೆ ಅಂದಳೆಂದು ಕೇಳದೇ ಹೋಗಿಬಿಟ್ಟ. ಅವಳು ದಿನಾ ದನ ತಿರುಗಿ ಬರುವ ಹೊತ್ತಿಗೆ ಇಲ್ಲಿ ನಿಂತು ಕರೆಯುತ್ತಿದ್ದಳು. ತಿಪ್ಪಾ, ರೊಟ್ಟಿ ಆರ್ತಾವೆ, ಬಾರೋ. ಹದಿನಾರು ವರ್ಷ ಕರೆದಳು. ಅವಳು ಸತ್ತ ಮೇಲೆ ಒಬ್ಬ ಮಾಂತ್ರಿಕ ಮುಖಕ್ಕೆ ಜರಿ ಸುತ್ತಿಕೊಂಡು ಬಂದು, ಓಲೆಯಲ್ಲಿ ನನ್ನ ಹೆಸರನ್ನು ಆಧಾರ ಅಂತ ಬರೆದುಕೊಂಡು ಹೋದ. ಈ ಹಾಳೂರಿಗೆ ಯಾರು ಬಂದು ಕೇಳ್ತಾರೆ ಎಂದು ನಕ್ಕ. ನಗುವಾಗ ಜರಿ ಜಾರಿತು. ಮೂಗಿನಲ್ಲಿ ಚುಚ್ಚಿದ ಗುರುತು ಇತ್ತು."

ಕಲ್ಲವ್ವ ತಿಪ್ಪೆಗುಂಡಿಯ ಕಡೆ ನೋಡಿದಳು. ಅದರ ಅಂಚಿನಲ್ಲಿ ಹಳೆಯ ಮೊರವೊಂದು ಬಿದ್ದಿತ್ತು. ಅವಳು ಅದಕ್ಕೂ ಒಂದು ಕೈ ಮುಗಿದಳು. ಅಂಥದೇ ಮೊರದಲ್ಲಿ ತಾನೂ ಮಲಗಿರಬಹುದು. ಅಂದಾಜು.

"ಇದನ್ನು ಒಯ್ಯಲಾ?"

"ಒಯ್ಯಿ. ನನ್ನನ್ನೂ ಒಯ್ಯಿ" ಎಂದಿತು ಹುಲಿ. "ಹದಿನಾರು ವರ್ಷದ ಆ ಕರೆಯನ್ನು ಯಾರಿಗೆ ಒಪ್ಪಿಸಬೇಕೋ ತಿಳಿಯದೇ ಹೊತ್ತುಕೊಂಡು ಕೂತಿದ್ದೆ. ನೀನು ಬಂದು ಕೇಳಿದೆ. ಹತ್ತಿಕೋ, ಆರು ದಿನದ ದಾರಿ ಎರಡು ದಿನದಲ್ಲಿ ಮುಗಿಸುತ್ತೇನೆ."

ಕಲ್ಲಿನ ಹುಲಿಯ ಬೆನ್ನು ಸವಾರಿಗೆ ಹೇಳಿಮಾಡಿಸಿದ್ದಲ್ಲ. ಅದನ್ನು ಕಲ್ಲವ್ವ ಹೇಳಲಿಲ್ಲ. ಉಪಕಾರ ಮಾಡುವವರ ಬೆನ್ನು ಹೇಗಿದ್ದರೂ ನಡೆಯುತ್ತದೆ.

ಹನ್ನೆರಡನೆಯ ದಿನ ಬೆಳಗ್ಗೆ ಲಗಮಣ್ಣನ ಅಂಗಳದಲ್ಲಿ ಊರೇ ಸೇರಿತ್ತು. ರಾಜ ಬಂದಿದ್ದ, ಮಂತ್ರಿ ಬಂದಿದ್ದ, ನಡುವೆ ಸರ್ವಪ್ರಭ ಜರಿ ಸುತ್ತಿಕೊಂಡು ಎತ್ತರದ ಪೀಠದಲ್ಲಿ ಕುಳಿತಿದ್ದ. ತೊಟ್ಟಿಲಲ್ಲಿ ಕೂಸು ಕಾಲು ಝಾಡಿಸುತ್ತಿತ್ತು. ಹುಲಿಯನ್ನು ಬಾಗಿಲಲ್ಲಿ ನಿಲ್ಲಿಸಿ ಕಲ್ಲವ್ವ ಒಳಗೆ ಬಂದಳು. ಕಾವಲುಗಾರರು ಅವಳನ್ನು ತಡೆಯಬೇಕೆಂದಿದ್ದವರು ಹುಲಿಯನ್ನು ನೋಡಿ, ತಡೆಯುವಂಥದ್ದೇನೂ ಇಲ್ಲ ಎಂದು ತೀರ್ಮಾನಿಸಿದರು.

"ಹೆಸರು ಹೇಳಮ್ಮ, ಹೊತ್ತು ಮೀರುತ್ತಿದೆ" ಎಂದ ಮಂತ್ರಿ.

"ಒರೆಗೆ ಹಚ್ಚಿ ಬಂದಿದ್ದೇನೆ" ಎಂದಳು ಕಲ್ಲವ್ವ. "ಈ ಹೆಸರು ಹಿಡಿದು ಕರೆದವರಿಲ್ಲ. ಓಗೊಟ್ಟವರಿಲ್ಲ. ಕಿವಿಯಾರೆ ಕೇಳಿದವರಿಲ್ಲ. ಇದರ ಅರ್ಥ ನನಗೆ ಗೊತ್ತಿಲ್ಲ, ಇಟ್ಟವನಿಗೂ ಗೊತ್ತಿಲ್ಲ. ನಾನು ಹೇಳುವುದಿಲ್ಲ."

ಅಂಗಳದಲ್ಲಿ ಗದ್ದಲವೆದ್ದಿತು. ಬೆಳಕು ಅಂತ ಎಲ್ಲರೂ ಹೇಳ್ತಾರೆ, ಎಲ್ಲರೂ ಹೇಳ್ತಾರೆ ಎಂದು ಎಲ್ಲರೂ ಹೇಳಿದರು. ಕಲ್ಲವ್ವ ಗಿಳಿಯ ಗರಿಯನ್ನು ಎತ್ತಿ ಹಿಡಿದಳು. ಸದ್ದು ಕತ್ತರಿಸಿದ ಹಾಗೆ ನಿಂತಿತು.

"ಅರಮನೆಯ ಗ್ರಂಥದಲ್ಲೂ ಇದೆಯಲ್ಲ" ಎಂದ ಮಂತ್ರಿ. ಆಳುಗಳು ಗ್ರಂಥ ತಂದರು. ಕಲ್ಲವ್ವ ಸತ್ತ ಇರುವೆಯ ಓಲೆಯನ್ನು ಅದರ ಪಕ್ಕದಲ್ಲಿಟ್ಟು ಬಲಮೂಲೆ ತೋರಿಸಿದಳು. ಮಂತ್ರಿ ಒಂದು ಸಲ ಓಲೆ ನೋಡಿದ, ಒಂದು ಸಲ ಗ್ರಂಥ ನೋಡಿದ, ಆಮೇಲೆ ತನ್ನ ಮುದ್ರೆಯುಂಗುರ ನೋಡಿಕೊಂಡ. ಅದರಲ್ಲೂ ಕುಂಟ ಇರುವೆ.

"ನಾವು ಇದನ್ನು ರಾಜಲಾಂಛನ ಅಂದುಕೊಂಡಿದ್ದೆವು" ಎಂದ.

"ಧ್ವಜದ ಮೇಲೂ ಹಾಕಿಸಿದ್ದೀರಿ" ಎಂದ ರಾಜ, ತಣ್ಣಗೆ.

ಸರ್ವಪ್ರಭ ಎದ್ದು ನಿಂತ. ಬೆತ್ತ ಎತ್ತಿ ಮಂತ್ರ ಹಾಕಿದ. ಸೇರಿದ್ದ ಸಣ್ಣ ಮಕ್ಕಳ ಕೆನ್ನೆಯಲ್ಲಿ ಆಗಲೇ ಕುಡಿಬೆಳಕು ಮೂಡಿತು. ಆದರೆ ಆ ಮಂತ್ರ ಹಿಡಿಯುವುದು ಸುಳ್ಳು ಅರ್ಥದ ಹೆಸರನ್ನು. ಕಲ್ಲವ್ವನ ಬಳಿ ಅಂಥದ್ದು ಇರಲಿಲ್ಲ. ಮಂತ್ರ ಅವಳ ಹತ್ತಿರ ಬಂದು, ಅಜ್ಜಿ ಹೇಳಿದ್ದ ಹಾಗೆಯೇ, ಕಲ್ಲಿಗೆ ಎಡವಿ ಬಿತ್ತು.

ಕಲ್ಲವ್ವ ಅವನ ಹತ್ತಿರ ಹೋದಳು. ಅವನ ಮುಖದ ಜರಿ ಅವಳ ಕೈಗೆ ಎಟುಕುವಷ್ಟು ಹತ್ತಿರದಲ್ಲೇ ಇತ್ತು. ಎಳೆಯಲಿಲ್ಲ. ಮೊರವನ್ನು ಅವನ ಕಾಲ ಹತ್ತಿರ ಇಟ್ಟು, ಹಿಂದೆ ಸರಿದು, ಹುಲಿ ಹೇಳಿಕೊಟ್ಟ ಧಾಟಿಯಲ್ಲಿ, ದೂರದ ಹೊಲದಲ್ಲಿರುವ ಹುಡುಗನನ್ನು ಕರೆಯುವ ಹಾಗೆ ಕರೆದಳು.

"ತಿಪ್ಪಾ, ರೊಟ್ಟಿ ಆರ್ತಾವೆ, ಬಾರೋ."

"ಬಂದೆ, ಅವ್ವಾ" ಎಂದ ಸರ್ವಪ್ರಭ.

ಅಂದಮೇಲೆ ಅವನಿಗೇ ತಿಳಿಯಿತು, ತಾನು ತಿರುಗಿ ನೋಡಿದ್ದೇನೆ ಎಂದು. ಬೆತ್ತ ಕೈಯಿಂದ ಜಾರಿತು. ಅವನು ಮೊರದ ಎದುರು ಕುಳಿತುಬಿಟ್ಟ.

"ನನ್ನನ್ನು ಕಸ ಅಂದಳು" ಎಂದ, ಮೊರದ ಅಂಚು ಸವರುತ್ತ.

"ಕಸ ಅಂದರೆ ಕಸವೇ. ಅರ್ಥದಲ್ಲಿ ತಪ್ಪಿಲ್ಲ, ನಾನು ಪರೀಕ್ಷಿಸಿದ್ದೇನೆ" ಎಂದಳು ಕಲ್ಲವ್ವ. "ಆದರೆ ಅದನ್ನು ಅಂದದ್ದು ನಿನಗಲ್ಲ, ಜವರಾಯನಿಗೆ. ಮೂರು ಮಕ್ಕಳನ್ನು ಒಯ್ದವನಿಗೆ. ನಮ್ಮಜ್ಜಿಯೂ ಹಾಗೇ ಅಂದಿದ್ದಳು. ನೀನೂ ನಾನೂ ಇವತ್ತು ಇಲ್ಲಿ ಕೂತು ಜಗಳ ಆಡ್ತಿರೋದು ಅವರಿಬ್ಬರು ಹೇಳಿದ ಸುಳ್ಳಿನಿಂದ. ಹದಿನಾರು ವರ್ಷ ಕರೆದಳಂತೆ. ಕೇಳಿದವನು ಬಾಗಿಲಲ್ಲಿ ನಿಂತಿದ್ದಾನೆ, ಬೇಕಾದರೆ ವಿಚಾರಿಸು."

ಅವನು ವಿಚಾರಿಸಲಿಲ್ಲ. ಜರಿಯನ್ನು ತಾನೇ ಬಿಚ್ಚಿ ಕಣ್ಣು ಒರೆಸಿಕೊಂಡ. ಜರಿ ಕಣ್ಣು ಒರೆಸಲು ಬರುವುದಿಲ್ಲ, ಚುಚ್ಚುತ್ತದೆ. ಸೇವಂತಿ ತೊಟ್ಟಿಲ ಬಳಿಯಿಂದ ಒಂದು ಹಳೆಯ ಹತ್ತಿ ಬಟ್ಟೆ ಎಸೆದಳು.

"ನನ್ನ ಮಗನನ್ನು ಕೊಡು" ಎಂದಳು.

ತನ್ನ ನಿಜವಾದ ಹೆಸರಿಗೆ ಅವನು ಓಗೊಟ್ಟಾಗಲೇ ಅವನ ಮಂತ್ರ ಕಡಿದಿತ್ತು. ಹಗಲಾಗಿದ್ದರಿಂದ ಕೋಟೆಯ ಹಣತೆಗಳು ಆರಿದ್ದು ಯಾರಿಗೂ ಕಾಣಲಿಲ್ಲ. ಕಂಡದ್ದು ಗುಡ್ಡದ ಇಳಿಜಾರಿನಲ್ಲಿ ಎದ್ದ ಧೂಳು. ಆಮೇಲೆ ತಲೆಗಳು, ಆಮೇಲೆ ಕಾಲುಗಳು, ನೂರಾರು. ಮೈಗೆಲ್ಲ ಎಣ್ಣೆ, ಮುಖಕ್ಕೆಲ್ಲ ಮಸಿ. ಎಡಗಡೆಯಿಂದ ನಾಲ್ಕನೆಯದನ್ನು ತಮ್ಮದು ಎಂದುಕೊಂಡವರು ತಪ್ಪಾಗಿ ಲೆಕ್ಕ ಹಾಕಿದ್ದರು. ಆದರೂ ಯಾರ ಮಗು ಯಾರಿಗೂ ತಪ್ಪಲಿಲ್ಲ. ಅಂಗಳದ ಬಾಗಿಲಲ್ಲಿ ರಾಜ ಕಿರೀಟ ಕಂಕುಳಲ್ಲಿ ಇಟ್ಟುಕೊಂಡು ಓಡಿದ್ದನ್ನು ಇತಿಹಾಸಕಾರರು ಬರೆದಿಲ್ಲ. ಆನೆ ಗುಡ್ಡಪ್ಪ ನೋಡಿದೆ.

ಲಗಮಣ್ಣನ ಮಗನೂ ಬಂದ. ಲಗಮಣ್ಣ ಬಾಯಿ ತೆರೆದ, ಯಾವ ಹೆಸರು ಹಿಡಿದು ಕರೆಯಬೇಕೋ ತಿಳಿಯದೆ ಮುಚ್ಚಿದ. ಹುಡುಗ ತಾಯಿಯ ಮಡಿಲಲ್ಲಿ ಮುಖ ಇಟ್ಟು, ಒಂದು ಕಣ್ಣಿನಿಂದ ಕಲ್ಲವ್ವನನ್ನು ನೋಡಿದ.

ಅವಳು ಅವನ ಎದುರು ಕುಕ್ಕರಗಾಲಲ್ಲಿ ಕುಳಿತಳು. "ಅಪ್ಪೀ, ನಾನು ನಿನ್ನ ಸೋದರತ್ತೆ. ಗೊತ್ತಿಲ್ಲದ ಹೆಸರನ್ನು ನಿನಗೆ ಇಟ್ಟವಳು ನಾನೇ. ತಪ್ಪಾಯಿತು. ಇನ್ನೊಂದು ಇಡಲಾ?"

"ಚುಚ್ಚುತ್ತದಾ?" ಎಂದು ಕೇಳಿದ ಹುಡುಗ.

"ಇಲ್ಲ. ನಿನ್ನ ಅಜ್ಜನ ಹೆಸರು. ಭರಮಪ್ಪ. ಕರೆದವಳು ನಿಮ್ಮಜ್ಜಿ, ಓಗೊಟ್ಟವನು ಅಜ್ಜ."

"ಕೇಳಿದವನು ನಾನು" ಎಂದಿತು ಗುಡ್ಡಪ್ಪ. "ಸ್ನಾನಕ್ಕೆ ಕರೆದರೆ ಮಾತ್ರ ಓಗೊಡುತ್ತಿರಲಿಲ್ಲ."

ಕಲ್ಲವ್ವ ಹುಡುಗನ ಮಸಿ ಹಿಡಿದ ಕಿವಿಯಲ್ಲಿ ಮೂರು ಸಲ ಹೇಳಿದಳು. ನಾಲ್ಕು ಹೆಜ್ಜೆ ಹಿಂದೆ ಹೋಗಿ ಕರೆದಳು. ಹುಡುಗ ತಿರುಗಿದ. ಸೇವಂತಿಯೂ ಕರೆದಳು. ತಿರುಗಿದ. ಲಗಮಣ್ಣ ಕರೆದ. ಅದಕ್ಕೂ ತಿರುಗಿದ. ಎಂಟು ವರ್ಷದ ಕರೆಗಳು ಬಾಕಿ ಇದ್ದುದರಿಂದ ಅವರು ಸುಮಾರು ಹೊತ್ತು ಹಾಗೇ ಕರೆಯುತ್ತಿದ್ದರು. ಹುಡುಗನಿಗೆ ಕತ್ತು ನೋವು ಬರುವವರೆಗೆ.

"ಕೂಸಿಗೇನು ಇಡೋದು ಅಕ್ಕಾ?" ಎಂದಳು ಸೇವಂತಿ.

ಕಲ್ಲವ್ವ ಮೊರದ ಎದುರು ಕೂತಿದ್ದವನ ಕಡೆ ನೋಡಿದಳು. "ಒಂದು ಹೆಸರು ನನ್ನ ಹತ್ತಿರ ಇದೆ. ಒರೆಗೆ ಹಚ್ಚಿ ಆಗಿದೆ. ನೆರೆಹೊರೆಯವರು ಕರೆದದ್ದು, ಅವಳು ಓಗೊಟ್ಟದ್ದು, ಎಲ್ಲವನ್ನೂ ಕೇಳಿದವನು ಬಾಗಿಲಲ್ಲಿದ್ದಾನೆ. ದ್ಯಾಮವ್ವ."

ತಿಪ್ಪ ತಲೆ ಎತ್ತಿದ.

"ಬೆಳಕು ಗಿಳಕು ಏನೂ ಇಲ್ಲವಲ್ಲ ಅದರಲ್ಲಿ" ಎಂದ ಲಗಮಣ್ಣ, ಅಭ್ಯಾಸಬಲದಿಂದ. ಸೇವಂತಿ ಅವನನ್ನು ನೋಡಿದ ರೀತಿಗೆ ಆನೆಯೂ ಎರಡು ಹೆಜ್ಜೆ ಹಿಂದೆ ಸರಿಯಿತು. "ಇರಲಿ, ದೀಪ ಹಚ್ಚಿಕೊಳ್ಳೋಣ" ಎಂದ.

ಕಲ್ಲವ್ವ ತೊಟ್ಟಿಲಿಗೆ ಬಗ್ಗಿದಳು. ಹೇಳುವ ಮೊದಲು ಕೂಸಿನ ಕಣ್ಣು ತೆರೆದಿದೆಯೇ ಎಂದು ನೋಡಿಕೊಂಡಳು. ತೆರೆದಿತ್ತು. ಒಂದು ಸಲ ಹೇಳಿದಳು, ಎರಡು ಸಲ ಹೇಳಿದಳು. ಮೂರನೆಯ ಸಲಕ್ಕೆ ಕೂಸು ಕತ್ತು ಹೊರಳಿಸಿ, ಹಲ್ಲಿಲ್ಲದ ಬಾಯಿಂದ, ಓ ಎಂದಿತು.

ಆಮೇಲೆ ಏಳುಬೀಡಿನಲ್ಲಿ ಬಹಳ ದಿನ ಹೆಸರಿಡುವುದೇ ಕೆಲಸವಾಯಿತು. ಕಲ್ಲವ್ವನ ಮನೆ ಮುಂದೆ ಸಾಲು ನಿಂತಿತು. ಅಜ್ಜಿಯರ ಹೆಸರು, ಬರದಲ್ಲಿ ನೀರು ಕೊಟ್ಟ ನೆರೆಯವಳ ಹೆಸರು, ಹೆರಿಗೆ ಮಾಡಿಸಿದವಳ ಹೆಸರು, ಹೀಗೆ ಯಾರನ್ನು ನೆನೆಯಬೇಕಿತ್ತೋ ಅವರ ಹೆಸರುಗಳೆಲ್ಲ ಒಂದೊಂದಾಗಿ ತೊಟ್ಟಿಲಿಗೆ ಬಂದವು. ಗಿಳಿ ವಾರಕ್ಕೊಮ್ಮೆ ಮಾತ್ರ ಮಾತಾಡಿತು. ಕರಡಿ ಬೇಸಿಗೆಯಲ್ಲೂ ಮಲಗಿತು. ಹುಲಿ ಅರಮನೆಯ ಗ್ರಂಥಾಲಯದ ಬಾಗಿಲಲ್ಲಿ ಕೂತಿತು, ಪಂಡಿತರು ಬಹಳ ಎಚ್ಚರದಿಂದ ಬರೆಯತೊಡಗಿದರು. ರಾಜ ಧ್ವಜದ ಮೇಲಿನ ಇರುವೆಯನ್ನು ತೆಗೆಸಲಿಲ್ಲ. ಕೆಳಗೆ "ಊದಿ ನೋಡಿ" ಎಂದು ಬರೆಸಿದ.

ತಿಪ್ಪ ಕಲ್ಲವ್ವನ ಕಚೇರಿಯಲ್ಲಿ ಬರೆಯುವ ಕೆಲಸಕ್ಕೆ ಸೇರಿದ. ಅಕ್ಷರ ಮುದ್ದಾಗಿತ್ತು. ಅರ್ಥ ಸಿಗದ ಹೆಸರುಗಳ ಮುಂದೆ "ಗೊತ್ತಿಲ್ಲ" ಎಂದು ಅವನು ಬರೆಯುವಷ್ಟು ಚೆಂದ ಆ ರಾಜ್ಯದಲ್ಲಿ ಯಾರೂ ಬರೆಯುತ್ತಿರಲಿಲ್ಲ. ಕೂಸು ಓಡಾಡುವಷ್ಟಾದ ಮೇಲೆ, ಸಂಜೆ ದನ ತಿರುಗಿ ಬರುವ ಹೊತ್ತಿಗೆ ಲಗಮಣ್ಣನ ಅಂಗಳದಿಂದ ಸೇವಂತಿ ಕೂಗುತ್ತಿದ್ದಳು: "ಭರಮ್ಯಾ, ದ್ಯಾಮಿ, ರೊಟ್ಟಿ ಆರ್ತಾವೆ, ಬರ್ರೋ." ಇಬ್ಬರು ಮಕ್ಕಳು ಓಡಿ ಬರುತ್ತಿದ್ದರು. ಕಚೇರಿಯಲ್ಲಿ ಕೂತ ತಿಪ್ಪನೂ ಲೇಖನಿ ಕೆಳಗಿಟ್ಟು ಎದ್ದುಬಿಡುತ್ತಿದ್ದ. ಅವನಿಗೂ ಎರಡು ರೊಟ್ಟಿ ಇರುತ್ತಿದ್ದವು.

ಹೀಗೆ ಏಳುಬೀಡಿನವರೆಲ್ಲ ಕರೆದರೆ ತಿರುಗುತ್ತ, ಉಂಡುಟ್ಟು ಸುಖವಾಗಿದ್ದರು. ಕತೆ ಇಲ್ಲಿಗೆ ಮುಗಿಯಿತು. ಇದನ್ನು ನಮಗೆ ಹೇಳಿದ್ದು ಗುಡ್ಡಪ್ಪನ ಮೊಮ್ಮಗ. ಅನುಮಾನವಿದ್ದವರು ಹೋಗಿ ವಿಚಾರಿಸಬಹುದು.